ಪ್ಯಾನ್: ಅಲುಗದ ಕಟ್ಟಡವನ್ನು ತೋರಿಸಿದ ಬಗೆ

'ಪ್ಯಾನ್ ಇಂಡಿಯಾ ಸಿನಿಮಾ' ಅನ್ನೋದನ್ನು ಈಗ ದಿನಾ ಕೇಳುತ್ತೇವೆ. ಶೂಟಿಂಗ್ ಜಾಗದಲ್ಲಿ 'ಪ್ಯಾನ್ ಮಾಡಿ' ಅಂದರೆ ಅರ್ಥ ಬೇರೆ. ಕ್ಯಾಮೆರಾವನ್ನು ನಿಂತಲ್ಲೇ ಎಡಕ್ಕೋ ಬಲಕ್ಕೋ ತಿರುಗಿಸುವುದು. ಮೇಲಕ್ಕೋ ಕೆಳಕ್ಕೋ ಬಾಗಿಸಿದರೆ ಅದು ಟಿಲ್ಟ್. ಆದರೂ ಎರಡೂ ಪ್ಯಾನ್‌ಗಳ ಬೇರು ಒಂದೇ: 'ಎಲ್ಲ' ಎಂಬ ಅರ್ಥದ ಗ್ರೀಕ್ ಪದ.

ಕ್ಯಾಮೆರಾದ ಪ್ಯಾನ್ 'ಪನೋರಮಾ'ದಿಂದ ಮುರಿದ ತುಂಡು. 18ನೇ ಶತಮಾನದ ಕೊನೆಯಲ್ಲಿ ರಾಬರ್ಟ್ ಬಾರ್ಕರ್ ಎಂಬ ಚಿತ್ರಕಾರ ನೋಡುವವರ ಸುತ್ತಲೂ ಇಡೀ ಊರನ್ನೇ ಬಿಡಿಸಿಟ್ಟ. ಅದಕ್ಕೆ ಹುಟ್ಟಿದ ಹೆಸರು ಇದು. ಅಲ್ಲಿ ಚಿತ್ರ ಸುಮ್ನೆ ಇರುತ್ತಿತ್ತು, ಕತ್ತು ತಿರುಗಿಸುವ ಕೆಲಸ ಜನರದು.

ಸಿನಿಮಾ ಬಂದಾಗ ಕಷ್ಟ ಶುರುವಾಯಿತು. ರೈಲು ಓಡುತ್ತದೆ, ಅಲೆ ಏಳುತ್ತದೆ. ಆದರೆ ಚರ್ಚು? ಅದು ನಿಂತೇ ಇರುತ್ತದೆ, ಅಲ್ವಾ? 1896ರಲ್ಲಿ ಫ್ರಾನ್ಸಿನ ಸಿನಿಮಾ ಕಂಪನಿ ಲೂಮಿಯೇರ್‌ನವರು ಜರ್ಮನಿಯ ಕಲೋನ್ ಕೆಥೆಡ್ರಲ್ ಎಂಬ ದೊಡ್ಡ ಚರ್ಚಿನ ಮುಂದೆ ಕ್ಯಾಮೆರಾ ಇಟ್ಟರು. ಅದರ ಗೋಪುರಗಳ ಎತ್ತರ ಸುಮಾರು 157 ಮೀಟರ್. ಸಿನಿಮಾ ಚೌಕಟ್ಟೋ ಎತ್ತರಕ್ಕಿಂತ ಅಗಲ ಜಾಸ್ತಿ. ಹತ್ತಿರ ನಿಂತರೆ ಗೋಪುರ ಹಿಡಿಸುವುದಿಲ್ಲ. ಒಳಗೆ ಹೋಗೋಣವೆಂದರೆ ಆಗಿನ ಫಿಲ್ಮಿಗೆ ಅಲ್ಲಿನ ಬೆಳಕು ಸಾಲದು. ಹಾಗಾಗಿ ಬಾಗಿಲಿಂದ ಹೊರಬರುವ ಜನರನ್ನು ತೆಗೆದರು. ಒಂದು ರೀಲು ಎಂದರೆ ಸುಮಾರು 17 ಮೀಟರ್, 50 ಸೆಕೆಂಡಿನ ಆಟ. ನನ್ನ ಕೇಳಿದರೆ ಇದು ಸೋಲಲ್ಲ. ಪಕ್ಕದಲ್ಲಿ ಮನುಷ್ಯರು ಸುಳಿದಾಡಿದಾಗಲೇ ಕಲ್ಲಿನ ಗಾತ್ರ ನಮಗೆ ಗೊತ್ತಾಗೋದು.

ಅದೇ ವರ್ಷ ಅದೇ ಕಂಪನಿಯ ಅಲೆಕ್ಸಾಂಡರ್ ಪ್ರೊಮಿಯೊ ವೆನಿಸ್‌ನಲ್ಲಿ ದೋಣಿ ಮೇಲೆ ಕ್ಯಾಮೆರಾ ಇಟ್ಟ. ದಡದ ಕಟ್ಟಡಗಳು ತಾವೇ ಸರಿದುಹೋದ ಹಾಗೆ ಕಂಡವು. ಇಂಥ ಚಿತ್ರಗಳನ್ನು ಲೂಮಿಯೇರ್ ಪಟ್ಟಿಯಲ್ಲಿ 'ಪನೋರಮಾ' ಎಂದೇ ಕರೆದರು. 1897ರಲ್ಲಿ ಜೆರುಸಲೇಮಿನಿಂದ ಹೊರಟ ರೈಲಿನಿಂದ ತೆಗೆದದ್ದೂ ಪನೋರಮಾನೇ. ಇವತ್ತಿನ ಲೆಕ್ಕದಲ್ಲಿ ಇವು ಪ್ಯಾನ್ ಅಲ್ಲ, ಟ್ರ್ಯಾಕಿಂಗ್, ಅಂದರೆ ಕ್ಯಾಮೆರಾವೇ ಜಾಗ ಬಿಟ್ಟು ಸಾಗುವುದು!

ಸ್ಟ್ಯಾಂಡಿನ ಮೇಲೆ ಕ್ಯಾಮೆರಾ ಸಲೀಸಾಗಿ ತಿರುಗಿದ್ದು ಸ್ವಲ್ಪ ಆಮೇಲೆ. 1900ರ ಪ್ಯಾರಿಸ್ ವಸ್ತುಪ್ರದರ್ಶನದಲ್ಲಿ ಎಡಿಸನ್ ಕಂಪನಿಯ ಜೇಮ್ಸ್ ವೈಟ್ ತಿರುಗುವ ತಲೆಯ ಸ್ಟ್ಯಾಂಡ್ ಬಳಸಿದ. ಐಫೆಲ್ ಗೋಪುರವನ್ನು ಬುಡದಿಂದ ತುದಿಯವರೆಗೆ ತೋರಿಸಿದ ಚಿತ್ರಕ್ಕೂ ಹೆಸರು ಪನೋರಮಾ. ಈಗಿನವರಿಗೆ ಅದು ಶುದ್ಧ ಟಿಲ್ಟ್.

ಗುಡಿ ಮುಂದೆ ಮೊಬೈಲ್ ಹಿಡಿದು ನಾವು ಸರ್ರನೆ ತಿರುಗಿಸುತ್ತೇವಲ್ಲ, ಆಗ ಅದು ನಡೆಯುತ್ತಿರಲಿಲ್ಲ. ಆಗ ಸೆಕೆಂಡಿಗೆ ಸುಮಾರು 16 ಬಿಡಿಚಿತ್ರ ಅಷ್ಟೇ. ಬೇಗ ತಿರುಗಿಸಿದರೆ ಕಂಬಗಳು ಕುಣಿದಂತೆ ಕಾಣುತ್ತವೆ. ಫಿಲ್ಮ್ ಓಡಿಸಲು ಕ್ಯಾಮೆರಾಗೆ ಕೈಯಿಂದ ಸುತ್ತುವ ಹಿಡಿ ಇತ್ತು, ಮುಂದೆ ಸ್ಟ್ಯಾಂಡಿಗೂ ಅಂಥದೇ ಒಂದು ಹಿಡಿ ಬಂತು. ಬಲಗೈ ಫಿಲ್ಮನ್ನು ಒಂದೇ ಲಯದಲ್ಲಿ ಸುತ್ತುತ್ತಿರಬೇಕಿತ್ತು, ಎಡಗೈ ಇನ್ನೊಂದು ಲಯದಲ್ಲಿ ನಿಧಾನಕ್ಕೆ ಕ್ಯಾಮೆರಾ ತಿರುಗಿಸಬೇಕಿತ್ತು.