ಹಳೇ ಡೆಸ್ಕ್‌ಟಾಪಿಗೆ ಸೌಂಡ್ ಡ್ರೈವರ್: 8086 ನೋಡಿ ಮೋಸಹೋಗಬೇಡಿ

ಕಾಸರಗೋಡಿನ ಬದಿಯಡ್ಕದಲ್ಲಿ ಅಜ್ಜನ ಮನೆಯ ಹಳೇ ಡೆಸ್ಕ್‌ಟಾಪ್. ಇಂಟೆಲ್ ಜಿ31 ಚಿಪ್‌ಸೆಟ್ (ಬೋರ್ಡಿನ ಮುಖ್ಯ ಚಿಪ್‌ಗಳು), ವಿಂಡೋಸ್ ಎಕ್ಸ್‌ಪಿ. ಮೊದಲು ಅಡಿಕೆ ಲೆಕ್ಕಕ್ಕೆ ಇತ್ತು, ಈಗ ಅಜ್ಜನಿಗೆ ತಾಳಮದ್ದಳೆ ಕೇಳಲಿಕ್ಕೆ ಮಾತ್ರ. ನೆಟ್ ಇಲ್ಲ, ಹಾಗಾಗಿ ಹಳೇ ಎಕ್ಸ್‌ಪಿ ಇದ್ದರೂ ನೆಟ್‌ನಿಂದ ವೈರಸ್ ಬರುವ ತಲೆಬಿಸಿಯಿಲ್ಲ. ಹಾರ್ಡ್‌ಡಿಸ್ಕ್ ಬದಲಾಯಿಸಿ ವಿಂಡೋಸ್ ಹಾಕಿದೆ, ಸ್ವರವೇ ಇಲ್ಲ. ಸೌಂಡ್ ಚಿಪ್ಪನ್ನು ವಿಂಡೋಸ್‌ಗೆ ಪರಿಚಯಿಸುವ ಸಾಫ್ಟ್‌ವೇರೇ ಡ್ರೈವರ್, ಅದರ ಸಿಡಿ ನೋಡಿದರೆ ಮಳೆಗಾಲದ ಬೂಷ್ಟು.

ಕಂಪ್ಯೂಟರಿನ ಭಾಗಗಳ ಪಟ್ಟಿ ತೋರಿಸುವ ಡಿವೈಸ್ ಮ್ಯಾನೇಜರ್ ತೆರೆಯುವುದು ಎಲ್ಲರಿಗೂ ಗೊತ್ತು. ಅಲ್ಲಿ ಪ್ರಾಪರ್ಟೀಸ್, ಡೀಟೇಲ್ಸ್, ಹಾರ್ಡ್‌ವೇರ್ ಐಡಿ. ನಾನು ಎಡವಿದ್ದು ಇದರ ಮುಂದೆ.

ಎರಡು ಸಂಜೆ ಹಾಳಾದದ್ದು 'ವಿಇಎನ್_8086, ಡಿಇವಿ_27ಡಿ8' ಎಂಬ ಸಾಲಿನಿಂದ. ವಿಇಎನ್ ಅಂದರೆ ತಯಾರಕರ ನಂಬರ್, ಡಿಇವಿ ಅಂದರೆ ಆ ಚಿಪ್ಪಿನ ನಂಬರ್. 8086 ಇಂಟೆಲ್‌ನದ್ದು (1978ರ ಅವರ ಪ್ರಾಸೆಸರಿನ ಹೆಸರೂ ಅದೇ, ಹೇಗಿದೆ ತಮಾಷೆ!). ಸರಿ, ಇಂಟೆಲ್ ಆಡಿಯೊ ಡ್ರೈವರ್ ಅಂತ ಹುಡುಕಿದೆ, ಹುಡುಕಿದೆ. ಸಿಕ್ಕಿದ್ದು ಯಾವುದೂ ಕೂರಲಿಲ್ಲ.

ವಿಷಯ ಏನೆಂದರೆ, ಬೋರ್ಡಿನಲ್ಲಿ ಸ್ವರಕ್ಕೆ ಎರಡು ಚಿಪ್ ಬೇಕು. ಒಂದು ಕಂಟ್ರೋಲರ್. ಅದು ಇಂಟೆಲ್ ಚಿಪ್‌ಸೆಟ್‌ನ ಒಳಗೇ ಇರುತ್ತದೆ, ಡೇಟಾ ಸಾಗಿಸುವುದಷ್ಟೇ ಅದರ ಕೆಲಸ. ಇನ್ನೊಂದು ಕೋಡೆಕ್, ಹಿಂದಿನ ಜ್ಯಾಕ್‌ಗಳ ಹತ್ತಿರ ಕೂತಿರುವ ಸಣ್ಣ ಚೌಕದ ಚಿಪ್. ಡೇಟಾವನ್ನು ಸ್ವರ ಮಾಡುವುದು ಅದು. ನಾವು ಹುಡುಕುವ ಡ್ರೈವರ್ ಕೋಡೆಕ್‌ನದ್ದು! ಪಿಸಿಐ ಅಂತ ಶುರುವಾಗುವ ಸಾಲು ಕಂಟ್ರೋಲರ್, ಎಚ್‌ಡಿಆಡಿಯೊ ಅಂತ ಶುರುವಾಗುವುದು ಕೋಡೆಕ್. ಎರಡನೆಯದರಲ್ಲಿ ನನಗೆ ಕಂಡದ್ದು 'ವಿಇಎನ್_10ಇಸಿ, ಡಿಇವಿ_0662'. 10ಇಸಿ ಅಂದರೆ ರಿಯಲ್‌ಟೆಕ್, 0662 ಅಂದರೆ ಎಎಲ್‌ಸಿ662. ನಿಮ್ಮಲ್ಲಿ 1106 ಇದ್ದರೆ ವಿಯಾ, 11ಡಿ4 ಇದ್ದರೆ ಅನಲಾಗ್ ಡಿವೈಸಸ್.

ಎಚ್‌ಡಿಆಡಿಯೊ ಸಾಲೇ ಕಾಣದಿದ್ದರೆ? ಎಕ್ಸ್‌ಪಿಯಲ್ಲಿ ಹಾಗೂ ಆಗುತ್ತದೆ. ಕಂಟ್ರೋಲರಿಗೆ ಅದರದ್ದೇ ಆದ ಡ್ರೈವರ್ (ಹೆಸರು 'ಬಸ್ ಡ್ರೈವರ್') ಕೂರದೆ ಅದರ ಹಿಂದಿನ ಕೋಡೆಕ್ ಕಾಣುವುದಿಲ್ಲ. ಗೇಟು ತೆರೆಯದೆ ಅಂಗಳ ಕಾಣುತ್ತದಾ? ಮೊದಲು ಬಸ್ ಡ್ರೈವರ್, ಆಮೇಲೆ ಕೋಡೆಕ್. ಇನ್ನೂ ಹಳೇ ಬೋರ್ಡಾದರೆ ಎಚ್‌ಡಿ ಆಡಿಯೊಕ್ಕಿಂತ ಮೊದಲಿನ ಎಸಿ97 ಎಂಬ ಸೌಂಡ್ ವ್ಯವಸ್ಥೆ ಇರಬಹುದು, ಅದರ ಡ್ರೈವರ್ ಪ್ಯಾಕೇಜ್ ಬೇರೆಯೇ. ಎಚ್‌ಡಿಯದ್ದು ಅದಕ್ಕೆ ಆಗುವುದಿಲ್ಲ.

ನನಗೆ ಇಷ್ಟವಾದ ಅಡ್ಡದಾರಿ ತಂಗಿ ಹೇಳಿದ್ದು. ನಮ್ಮ ಕೇರಳದ ಶಾಲೆಗಳಲ್ಲಿ ಐಟಿ ಪಾಠ ವಿಂಡೋಸ್ ಬದಲು ಲಿನಕ್ಸ್‌ನಲ್ಲೇ ಅಲ್ವಾ, ಅವಳ ಹತ್ತಿರ ಉಬುಂಟು (ಒಂದು ಬಗೆಯ ಲಿನಕ್ಸ್) ಇರುವ ಪೆನ್‌ಡ್ರೈವ್ ಇತ್ತು. "ಅಣ್ಣ, ಸುಮ್ನೆ ಇದರಿಂದ ಬೂಟ್ ಮಾಡಿ ನೋಡು" ಅಂದಳು. ಇನ್‌ಸ್ಟಾಲ್ ಮಾಡುವುದೇ ಬೇಡ. ಸ್ವರ ಬಂತು, ಅಂದರೆ ಚಿಪ್ ಸತ್ತಿಲ್ಲ. 'ಪ್ರೋಕ್' ಫೋಲ್ಡರಿನ ಒಳಗೆ 'ಅಸೌಂಡ್', ಅದರೊಳಗೆ 'ಕಾರ್ಡ್0', ಅಲ್ಲಿ 'ಕೋಡೆಕ್#0' ಫೈಲ್. ಮೊದಲ ಸಾಲಿನಲ್ಲೇ ರಿಯಲ್‌ಟೆಕ್ ಎಎಲ್‌ಸಿ662 ಅಂತ ಬರೆದಿತ್ತು. ನನ್ನ ಎರಡು ಸಂಜೆ, ಅವಳ ಐದು ನಿಮಿಷ.

ರಿಯಲ್‌ಟೆಕ್‌ನ ಎಕ್ಸ್‌ಪಿ ಪ್ಯಾಕೇಜ್ ಬೇರೆ ಕಂಪ್ಯೂಟರಿನಲ್ಲಿ ಇಳಿಸಿ, ಪೆನ್‌ಡ್ರೈವಿನಲ್ಲಿ ತಂದು ಹಾಕಿದೆ. ಹಿಂದಿನ ಹಸಿರು ಜ್ಯಾಕಿನಲ್ಲಿ ಭಾಗವತರು ಹಾಡಿದರು. ಮುಂದಿನ ಜ್ಯಾಕ್ ಮಾತ್ರ ಮೌನ. ಹಳೇ ಕ್ಯಾಬಿನೆಟ್ ಆದರೆ ಇದು ಡ್ರೈವರಿನ ತಪ್ಪಲ್ಲ, ಮುಂದೆ ಹೆಡ್‌ಫೋನ್ ಹಾಕಿದ್ದು ಡ್ರೈವರಿಗೆ ಗೊತ್ತಾಗುವುದಿಲ್ಲ ಅಷ್ಟೆ. ರಿಯಲ್‌ಟೆಕ್ ಸೆಟ್ಟಿಂಗ್‌ನಲ್ಲಿ ಮುಂದಿನ ಜ್ಯಾಕ್ ಪತ್ತೆಮಾಡುವುದನ್ನು ಆಫ್ ಮಾಡಿದೆ, ಅದೂ ಬಂತು.