ಡಬ್ಬಿಂಗ್ ಇಲ್ಲದೆ ದೇಶ ದಾಟಿದ ಪಿಂಗು

ಮಕ್ಕಳ ಅನಿಮೇಷನ್ ಸರಣಿಯೊಂದು ಬೇರೆ ದೇಶದಲ್ಲಿ ಪ್ರಸಾರವಾಗಬೇಕಾದರೆ ಸಾಮಾನ್ಯವಾಗಿ ಸಂಭಾಷಣೆಯನ್ನು ಹೊಸದಾಗಿ ಬರೆಸಬೇಕು, ಕಂಠದಾನ ಕಲಾವಿದರನ್ನು ಹುಡುಕಬೇಕು. ಒಟ್ಮಾರ್ ಗುಟ್‌ಮನ್ ಸ್ವಿಟ್ಜರ್ಲೆಂಡಿನಲ್ಲಿ ಜೇಡಿಮಣ್ಣಿನಂಥ ಪ್ಲಾಸ್ಟಿಸೀನ್‌ನಿಂದ ರೂಪಿಸಿದ, 1990ರಲ್ಲಿ ಪ್ರಸಾರ ಕಂಡ ಪಿಂಗು ಎಂಬ ಪೆಂಗ್ವಿನ್ ಮರಿಗೆ ಇದಾವುದೂ ಬೇಕಾಗಲಿಲ್ಲ. ಅದರ ಜಗತ್ತಿನಲ್ಲಿ ಯಾರೂ ಯಾವ ದೇಶದ ಭಾಷೆಯನ್ನೂ ಆಡುವುದಿಲ್ಲ.

ಆದರೂ ಇದನ್ನು ಮೂಕಿ ಚಿತ್ರಗಳ ಸಾಲಿಗೆ ಸೇರಿಸಬಾರದು. 2000ದವರೆಗಿನ ಕಂತುಗಳಲ್ಲಿ ಇಟಲಿಯ ಕಾರ್ಲೊ ಬೊನೋಮಿ ಒಬ್ಬರೇ ಎಲ್ಲ ಪಾತ್ರಗಳಿಗೂ ದನಿ ನೀಡಿದ್ದು, ಅವರ ಉಲಿಗಳಿಗೆ ನಿಘಂಟಿನ ಅರ್ಥವಿಲ್ಲದಿದ್ದರೂ ಗದರಿಕೆ, ಗೋಗರೆತ, ಹಟ, ಸಮಾಧಾನ ಇವೆಲ್ಲವೂ ದನಿಯ ಏರಿಳಿತದಲ್ಲೇ ಸ್ಪಷ್ಟವಾಗುತ್ತವೆ. ಕೋಪ ಬಂದಾಗ ಪಿಂಗುವಿನ ಕೊಕ್ಕು ತುತ್ತೂರಿಯಂತೆ ಮುಂದಕ್ಕೆ ಚಾಚಿ "ನೂಟ್ ನೂಟ್" ಎನ್ನುವುದನ್ನು ಗಮನಿಸಿ: ಮೆತ್ತಗಿನ ಪ್ಲಾಸ್ಟಿಸೀನ್‌ನಿಂದಾಗಿ ದನಿಯ ಜೊತೆ ದೇಹವೂ ಆಕಾರ ಬದಲಿಸುತ್ತದೆ. ಒಂದು ಕಂತನ್ನು ಮೊದಲು ದನಿ ಅಡಗಿಸಿ ನೋಡಿ, ಬಳಿಕ ಕಣ್ಣು ಮುಚ್ಚಿ ಬರಿದೇ ಕೇಳಿದರೆ, ಯಾವ ಭಾವವನ್ನು ಯಾವುದು ಹೊರುತ್ತಿದೆ ಎಂಬುದು ಅರಿವಾಗುತ್ತದೆ.

ಪಿಂಗು ದೇಶ ದಾಟಿದ್ದಕ್ಕೆ ಭಾಷೆ ಅಡ್ಡಬರಲಿಲ್ಲ ಎಂಬ ಕಾರಣವೊಂದೇ ಸಾಲದು ಎಂಬುದು ನನ್ನ ಅಭಿಪ್ರಾಯ. ಟಪಾಲು ಹಂಚುವ ಅಪ್ಪ, ಮನೆಗೆಲಸದ ನಡುವೆ ಮಗನನ್ನು ಗದರುವ ಅಮ್ಮ, ಮೊಟ್ಟೆಯೊಡೆದು ಬಂದು ಎಲ್ಲರ ಅಕ್ಕರೆಗೆ ಪಾತ್ರಳಾಗುವ ತಂಗಿ ಪಿಂಗಾ, ಅವಳನ್ನು ಕಂಡು ಅಣ್ಣನಿಗಾಗುವ ಹೊಟ್ಟೆಕಿಚ್ಚು ಇವು ಹಿಮದ ನಾಡನ್ನೇ ಕಾಣದ ಮಗುವಿಗೂ ಗೊತ್ತಿರುವ ಸಂಗತಿಗಳು. ಪಿಂಗು ಮಾದರಿ ಬಾಲಕನಲ್ಲ. ಹಟ ಹಿಡಿಯುತ್ತಾನೆ, ಮುನಿಸಿಕೊಂಡು ಮನೆ ಬಿಡುತ್ತಾನೆ. ಅವನನ್ನು ತಿದ್ದಿತೀಡಿ ಒಳ್ಳೆಯವನನ್ನಾಗಿ ಮಾಡಿದ್ದರೆ ಈ ಸೆಳೆತ ಉಳಿಯುತ್ತಿರಲಿಲ್ಲ.

2001ರಲ್ಲಿ ಬ್ರಿಟನ್ನಿನ ಹಿಟ್ ಎಂಟರ್‌ಟೈನ್‌ಮೆಂಟ್ ಹಕ್ಕುಗಳನ್ನು ಕೊಂಡು, 2003ರಿಂದ ಹೊಸ ಕಂತುಗಳನ್ನು ಹೊರತಂದಿತು. ಆಗ ಪಿಂಗುವಿಗೆ ಇಂಗ್ಲಿಷ್ ಮಾತಾಡಿಸುವುದು ಸುಲಭವಿತ್ತು. ಆದರೆ ರಂಗನಟ ಮಾರ್ಚೆಲ್ಲೊ ಮಾನ್ಯಿ ಮತ್ತು ಡೇವಿಡ್ ಸಾಂಟ್ ಅವರಿಂದ ಹಳೆಯ ಉಲಿಯನ್ನೇ ಮುಂದುವರಿಸಲಾಯಿತು. 2017ರಲ್ಲಿ ಜಪಾನಿನ ಎನ್‌ಎಚ್‌ಕೆ ವಾಹಿನಿಗಾಗಿ ಪಾಲಿಗಾನ್ ಪಿಕ್ಚರ್ಸ್ ತಯಾರಿಸಿದ ಸರಣಿಯಲ್ಲಿ ಬೊಂಬೆಗಳ ಬದಲು ಕಂಪ್ಯೂಟರ್ ಚಿತ್ರ ಬಂತು, ಪಿಂಗುವಿನ ಕುಟುಂಬ ಹಳ್ಳಿ ಬಿಟ್ಟು ನಗರ ಸೇರಿತು. ಅಲ್ಲಿಯೂ ಯಾರೂ ಜಪಾನಿ ಮಾತಾಡಲಿಲ್ಲ.