ಫಾರ್ಸಿ ಪುಟದ ಪೂರ್ಣವಿರಾಮ ತಪ್ಪು ತುದಿಗೆ ಹೋಗುವುದೇಕೆ?

ಪ್ರಶ್ನೆ: ಗೆಳತಿಯ ಮದುವೆ 2026ರ ಅಕ್ಟೋಬರ್ 17ರಂದು ಟೊರೊಂಟೊದಲ್ಲಿ. ಅವಳ ಮನೆಯವರು ಇರಾನಿನವರು, ಹುಡುಗನ ಕಡೆಯವರಿಗೆ ಇಂಗ್ಲಿಷ್ ಮಾತ್ರ ಗೊತ್ತು. ಇಂಗ್ಲಿಷ್ ವೆಬ್‌ಸೈಟ್ ಸಿದ್ಧವಾಗಿದೆ. ಅದರಲ್ಲಿ ಫಾರ್ಸಿ ಅನುವಾದ ಅಂಟಿಸಿದರೆ ಪೂರ್ಣವಿರಾಮ ವಾಕ್ಯದ ಆರಂಭಕ್ಕೆ ಹೋಗಿ ಕೂರುತ್ತದೆ, ಫೋನ್ ನಂಬರ್ ಹಿಂದುಮುಂದಾಗುತ್ತದೆ. ಏನು ಮಾಡಬೇಕು?

ಉತ್ತರ: ಅನುವಾದದಲ್ಲಿ ದೋಷವಿಲ್ಲ. ಪುಟಕ್ಕೆ ದಿಕ್ಕು ಹೇಳಿಲ್ಲ, ಅಷ್ಟೆ. ಬಲದಿಂದ ಎಡಕ್ಕೆ ಸಾಗುವ ಫಾರ್ಸಿ ಅಕ್ಷರಗಳನ್ನು ಬ್ರೌಸರ್ ತಾನಾಗಿಯೇ ಸರಿಯಾಗಿ ಜೋಡಿಸುತ್ತದೆ. ಆದರೆ ಪೂರ್ಣವಿರಾಮ, ಆವರಣ, ಖಾಲಿ ಜಾಗಗಳಿಗೆ ಸ್ವಂತ ದಿಕ್ಕಿಲ್ಲ. ವಾಕ್ಯದ ತುದಿಯಲ್ಲಿದ್ದಾಗ, ಸುತ್ತಲಿನ ಪ್ಯಾರಾ ಯಾವ ಕಡೆಗೋ ಅವೂ ಆ ಕಡೆಗೆ. ನಿಮ್ಮ ಪ್ಯಾರಾ ಇನ್ನೂ ಇಂಗ್ಲಿಷಿನದಾಗಿರುವುದರಿಂದ ಕೊನೆಯ ಚುಕ್ಕಿ ಬಲತುದಿಗೆ, ಅಂದರೆ ಫಾರ್ಸಿ ಓದುಗರು ಓದು ಶುರುಮಾಡುವ ಜಾಗಕ್ಕೆ ಹೋಗುತ್ತದೆ. ರೆಡಿಮೇಡ್ ಮದುವೆ ಸೈಟುಗಳಿಗೆ ಹಣ ಕಟ್ಟುವ ಮುಂಚೆ ಇದನ್ನೇ ಪರೀಕ್ಷೆಯಾಗಿ ಬಳಸಿ: ಕೊನೆಗೆ ಪೂರ್ಣವಿರಾಮವಿರುವ ಒಂದು ಫಾರ್ಸಿ ವಾಕ್ಯ ಅಂಟಿಸಿ ನೋಡಿ. ಚುಕ್ಕಿ ಬಲಕ್ಕೆ ಬಿದ್ದು, ದಿಕ್ಕು ಬದಲಿಸುವ ಸೆಟ್ಟಿಂಗ್ ಎಲ್ಲೂ ಸಿಗದಿದ್ದರೆ ಆ ಸೈಟು ಬೇಡ.

ಎರಡೂ ಭಾಷೆಗಳನ್ನು ಒಂದೇ ಪುಟದಲ್ಲಿ ಅಕ್ಕಪಕ್ಕ ಇಡುವ ಯೋಚನೆ ಬಿಟ್ಟುಬಿಡಿ. ಫೋನಿನ ಪರದೆಯಲ್ಲಿ ಎರಡೂ ಕೆಡುತ್ತವೆ. ಭಾಷೆಗೊಂದು ವಿಳಾಸ ಕೊಡಿ. ಫಾರ್ಸಿ ಪುಟದ ಎಚ್‌ಟಿಎಂಎಲ್ ಟ್ಯಾಗಿನಲ್ಲೇ ಭಾಷೆ ಹೇಳುವ ಲ್ಯಾಂಗ್ (lang) ಗುಣಕ್ಕೆ 'ಎಫ್‌ಎ' (fa, ಫಾರ್ಸಿ), ದಿಕ್ಕು ಹೇಳುವ ಡಿಐಆರ್ (dir) ಗುಣಕ್ಕೆ 'ಆರ್‌ಟಿಎಲ್' (rtl, ಬಲದಿಂದ ಎಡಕ್ಕೆ) ಎಂದು ಬರೆಯಿರಿ. ಪುಟದ ಭಾಗಗಳನ್ನು ಸಾಲಾಗಿ, ಚೌಕಳಿಯಾಗಿ ಜೋಡಿಸುವ ಫ್ಲೆಕ್ಸ್, ಗ್ರಿಡ್ ವಿನ್ಯಾಸಗಳು ಇಷ್ಟಕ್ಕೇ ಕನ್ನಡಿಯಂತೆ ತಿರುಗುತ್ತವೆ. ತಿರುಗದೆ ಉಳಿಯುವುದು ಸಿಎಸ್‌ಎಸ್‌ನಲ್ಲಿ (ಪುಟದ ಅಂದಚೆಂದ ಹೇಳುವ ಸ್ಟೈಲ್ ಫೈಲಿನಲ್ಲಿ) ಲೆಫ್ಟ್, ರೈಟ್ ಎಂದು ಬರೆದಿಟ್ಟ ಅಂಚುಗಳು. ಮಾರ್ಜಿನ್-ಲೆಫ್ಟ್ ಇರುವಲ್ಲೆಲ್ಲ ಮಾರ್ಜಿನ್-ಇನ್‌ಲೈನ್-ಸ್ಟಾರ್ಟ್ ಹಾಕಿದರೆ ಒಂದೇ ಸ್ಟೈಲ್ ಫೈಲು ಎರಡೂ ಪುಟಗಳಿಗೆ ಸಾಕು. 'ಮುಂದೆ' ಎಂಬ ಬಾಣ ಎಡಕ್ಕೆ ತಿರುಗಬೇಕು. ಫೋಟೋ, ಗಡಿಯಾರದ ಚಿತ್ರ ತಿರುಗಬಾರದು.

ಭಾಷೆ ಬದಲಿಸುವ ಗುಂಡಿಯ ಮೇಲೆ ಆ ಭಾಷೆಯ ಹೆಸರನ್ನು ಅದರದೇ ಲಿಪಿಯಲ್ಲಿ ಬರೆಯಿರಿ. ಧ್ವಜ ಬೇಡವೇ ಬೇಡ. ಸಿಂಹ-ಸೂರ್ಯನ ಹಳೆಯ ಧ್ವಜವೋ, 1980ರಿಂದ ಬಂದ ಈಗಿನದೋ ಎಂಬುದು ವಲಸೆ ಹೋದ ಇರಾನಿ ಕುಟುಂಬಗಳಲ್ಲಿ ಮನಸ್ಸು ನೋಯಿಸುವ ವಿಷಯ. ಮದುವೆಯ ಪುಟದಲ್ಲಿ ಅದು ಏಳಬಾರದು.

ಇನ್ನು ಫೋನ್ ನಂಬರ್. ಫಾರ್ಸಿಯಲ್ಲೂ ಅಂಕಿಗಳು ಎಡದಿಂದ ಬಲಕ್ಕೇ ಸಾಗುತ್ತವೆ. ಆದರೆ ನಡುವೆ ಖಾಲಿ ಜಾಗ ಬಂದರೆ ಒಂದೊಂದು ಗುಂಪೂ ಬೇರೆಯಾಗಿ, ಗುಂಪುಗಳ ಸಾಲು ಬಲದಿಂದ ಶುರುವಾಗುತ್ತದೆ. ಪ್ಲಸ್ ಚಿಹ್ನೆ ಕೊನೆಯಲ್ಲಿ ಕಾಣುತ್ತದೆ. ನಂಬರು, ಇಮೇಲ್, ಟೊರೊಂಟೊದ ಬೀದಿ ವಿಳಾಸ, ಮೂರಕ್ಕೂ ಪ್ರತ್ಯೇಕ ಸ್ಪ್ಯಾನ್ (ಸಾಲಿನ ಒಂದು ತುಣುಕನ್ನು ಸುತ್ತುವ ಟ್ಯಾಗ್) ಮಾಡಿ ಡಿಐಆರ್ ಗುಣವನ್ನು 'ಎಲ್‌ಟಿಆರ್' (ltr, ಎಡದಿಂದ ಬಲಕ್ಕೆ) ಮಾಡಿ.

ಅಕ್ಷರದ ವಿಷಯಕ್ಕೆ ಬಂದರೆ, ಉಚಿತವಾಗಿ ಸಿಗುವ ವಜೀರ್‌ಮತನ್ ಫಾಂಟ್ ಪರದೆಯ ಮೇಲೆ ಚೆನ್ನಾಗಿ ಓದಿಸಿಕೊಳ್ಳುತ್ತದೆ. ಅಳತೆಯನ್ನು ಇಂಗ್ಲಿಷಿಗಿಂತ ಶೇಕಡಾ 10ರಷ್ಟು ಹೆಚ್ಚಿಸಿ, ಸಾಲಿನ ಎತ್ತರವನ್ನು ಅಕ್ಷರದ ಅಳತೆಯ 1.8 ಪಟ್ಟು ಇಡಿ. ನಸ್ತಾಲಿಕ್ ಶೈಲಿ ಬಹಳ ಸುಂದರ, ಆದರೆ ಅದು ವಧೂವರರ ಹೆಸರಿಗೆ ಮಾತ್ರ ಇರಲಿ. ಓರೆಯಾಗಿ ಇಳಿಯುವ ಆ ಬರಹಕ್ಕೆ ಮೇಲೂ ಕೆಳಗೂ ಧಾರಾಳ ಜಾಗ ಬೇಕು. ಇಂಗ್ಲಿಷ್ ಶೀರ್ಷಿಕೆಗೆ ಹಾಕಿದ ಲೆಟರ್-ಸ್ಪೇಸಿಂಗ್ (ಅಕ್ಷರಗಳ ನಡುವಿನ ಹೆಚ್ಚುವರಿ ಅಂತರ) ಅನ್ನು ಫಾರ್ಸಿಯಲ್ಲಿ ಸೊನ್ನೆಗೆ ಇಳಿಸಿ, ಇಲ್ಲದಿದ್ದರೆ ಕೂಡಿಕೊಂಡಿರಬೇಕಾದ ಅಕ್ಷರಗಳ ನಡುವೆ ಬಿರುಕು ಬೀಳುತ್ತದೆ. ಫಾರ್ಸಿಯಲ್ಲಿ 'ಅರ್ಧ ಜಾಗ' ಎಂಬುದೊಂದಿದೆ: ಪದ ಒಡೆಯದೆ ಅಕ್ಷರಗಳ ಕೂಡಿಕೆಯನ್ನು ಮಾತ್ರ ತಡೆಯುವ, ಕಣ್ಣಿಗೆ ಕಾಣದ ಚಿಹ್ನೆ. ನಾವು 'ರಾಜ್‌ಕುಮಾರ್' ಎಂದು ಬರೆಯುವಾಗ ಜ-ಕಗಳು ಒತ್ತಕ್ಷರ ಆಗದಂತೆ ಬಳಸುವುದೂ ಇದನ್ನೇ. ಕೆಲವು ಎಡಿಟರ್‌ಗಳು ಅಂಟಿಸುವಾಗ ಇದನ್ನು ಅಳಿಸಿಹಾಕುತ್ತವೆ. ಹಾಗಾಗಿ ಅನುವಾದಕರು ಕಳಿಸಿದ ಪ್ರತಿಯ ಜೊತೆ ಪುಟವನ್ನು ಪದಪದವಾಗಿ ಹೋಲಿಸಿ.

ಹೆಚ್ಚಿನವರು ಎಡವುವುದು ದಿನಾಂಕದಲ್ಲಿ. ಅಕ್ಟೋಬರ್ 17 ಇರಾನಿನ ಸೌರ ಪಂಚಾಂಗದಲ್ಲಿ 1405ರ ಮೆಹ್ರ್ 25, ಶನಿವಾರ. ಬ್ರೌಸರ್‌ನಲ್ಲಿ ಓಡುವ ಜಾವಾಸ್ಕ್ರಿಪ್ಟ್ ಭಾಷೆಯಲ್ಲಿ ದಿನಾಂಕ ಬರೆದುಕೊಡುವ ಇಂಟ್ಲ್ ಡೇಟ್-ಟೈಮ್-ಫಾರ್ಮ್ಯಾಟ್‌ಗೆ 'ಎಫ್‌ಎ-ಐಆರ್' (fa-IR, ಇರಾನಿನ ಫಾರ್ಸಿ) ಕೊಟ್ಟರೆ ಪಂಚಾಂಗವೂ ಅಂಕಿಯೂ ತಾವಾಗಿಯೇ ಬದಲಾಗುತ್ತವೆ. ಅಪಾಯ ಇರುವುದು ಸಮಯವಲಯದಲ್ಲಿ. ಬರೀ ದಿನಾಂಕ ಕೊಟ್ಟರೆ ಅದು ಗ್ರೀನ್‌ವಿಚ್ ಮಧ್ಯರಾತ್ರಿ ಎಂದಾಗಿ, ಟೊರೊಂಟೊದಲ್ಲಿ ಕೂತವರಿಗೆ ಮೆಹ್ರ್ 24 ಎಂದು ಕಾಣುತ್ತದೆ. ಸಂಜೆ 5 ಗಂಟೆ ಎಂದು ಸೇರಿಸಿದರೂ ತೆಹ್ರಾನಿನವರಿಗೆ ಮೆಹ್ರ್ 26 ಕಾಣುತ್ತದೆ, ಏಕೆಂದರೆ ಅಲ್ಲಿ ಆಗ ನಡುರಾತ್ರಿ ಕಳೆದು 12.30. ಆದ್ದರಿಂದ ಸಮಯವಲಯವನ್ನು ಟೊರೊಂಟೊ ಎಂದೇ ಕಟ್ಟಿಹಾಕಿ. ನೇರಪ್ರಸಾರ ಇದ್ದರೆ ತೆಹ್ರಾನಿನ ಸಮಯವನ್ನು ಬೇರೆ ಸಾಲಿನಲ್ಲಿ ಬರೆಯಿರಿ: ಮೆಹ್ರ್ 26, ಭಾನುವಾರ, ರಾತ್ರಿ 12.30. ಫಾರ್ಸಿ ಪುಟದಲ್ಲೂ ಅಕ್ಟೋಬರ್ 17 ಇರಲೇಬೇಕು, ಕೆನಡಾದ ಬಂಧುಗಳ ಕ್ಯಾಲೆಂಡರ್ ಅದೇ ತಾನೆ.

'ಬರುತ್ತೀರಾ?' ಫಾರಂನಲ್ಲಿ ಹೆಸರಿನ ಪೆಟ್ಟಿಗೆಗೆ ಡಿಐಆರ್ 'ಆಟೋ' (auto) ಕೊಡಿ, ಟೈಪ್ ಮಾಡಿದ ಲಿಪಿಗೆ ತಕ್ಕಂತೆ ದಿಕ್ಕು ತಾನಾಗಿ ಹೊಂದಿಕೊಳ್ಳುತ್ತದೆ. ಎಷ್ಟು ಜನ ಎಂಬುದನ್ನು ಪಟ್ಟಿಯಿಂದ ಆರಿಸುವಂತೆ ಮಾಡಿ. ಫಾರ್ಸಿ ಅಂಕಿ ಟೈಪ್ ಮಾಡಿದರೆ ಜಾವಾಸ್ಕ್ರಿಪ್ಟ್ ಅದನ್ನು ಸಂಖ್ಯೆಯೆಂದೇ ಒಪ್ಪುವುದಿಲ್ಲ. ಹೆಸರು ಹುಡುಕುವ ಸೌಲಭ್ಯವಿದ್ದರೆ ಅರಬಿ 'ಯೆ', 'ಕಾಫ್'ಗಳನ್ನು ಮೊದಲು ಫಾರ್ಸಿಯವುಗಳಿಗೆ ಬದಲಿಸಿ. ಕಣ್ಣಿಗೆ ಹೆಚ್ಚುಕಮ್ಮಿ ಒಂದೇ ಥರ ಕಂಡರೂ ಯೂನಿಕೋಡ್‌ನಲ್ಲಿ (ಕಂಪ್ಯೂಟರು ಅಕ್ಷರಗಳನ್ನು ಗುರುತಿಸುವ ಸಂಕೇತಪದ್ಧತಿಯಲ್ಲಿ) ಅವು ಬೇರೆ ಅಕ್ಷರಗಳು. ಅರಬಿ ಕೀಬೋರ್ಡಿನ ಅತಿಥಿಗೆ 'ನಿಮ್ಮ ಹೆಸರು ಪಟ್ಟಿಯಲ್ಲಿಲ್ಲ' ಎಂಬ ಉತ್ತರ ಬಂದರೆ ಎಷ್ಟು ಬೇಸರವಾದೀತು!

ಒಳಗಿನ ಬರಹ ಎರಡೂ ಕಡೆ ಒಂದೇ ಇರಬೇಕಾಗಿಲ್ಲ. ಸೊಫ್ರೆ ಅಘ್ದ್, ಅಂದರೆ ಕನ್ನಡಿ, ಜೋಡಿ ದೀಪಸ್ತಂಭ, ಜೇನು, ಬಣ್ಣಬಣ್ಣದ ಮಸಾಲೆ ಜೋಡಿಸಿದ ವಿವಾಹದ ಹಾಸು, ಇಂಗ್ಲಿಷ್ ಪುಟದಲ್ಲಿ ವಿವರಣೆ ಬೇಡುತ್ತದೆ. ಮದುವೆಗೆ ಒಪ್ಪಿಗೆ ಕೇಳಿದಾಗ ವಧು ಮೊದಲೆರಡು ಸಲ ಉತ್ತರಿಸದೆ ಮೂರನೆಯ ಸಲ 'ಬಲೆ' (ಹೌದು) ಎನ್ನುವುದನ್ನೂ ಅಲ್ಲಿ ಹೇಳಿಬಿಡಿ, ಹುಡುಗನ ಕಡೆಯವರು ಗಾಬರಿಯಾಗದಿರಲಿ. ಫಾರ್ಸಿ ಪುಟಕ್ಕೆ ಬೇಕಾದದ್ದು ಗೌರವದ ಆಮಂತ್ರಣ ಭಾಷೆ, ಎರಡೂ ಕುಟುಂಬಗಳ ಹೆಸರು. ಮೊದಲೇ ಉತ್ತರ ಏಕೆ ಬೇಕು, ಕೊನೆಯ ದಿನ ಯಾವುದು ಎಂಬುದನ್ನು ಅಲ್ಲಿ ಬಿಡಿಸಿ ಬರೆಯಿರಿ.

ಇರಾನಿನಲ್ಲಿ ಯೂಟ್ಯೂಬ್ ನಿರ್ಬಂಧಿತ, ಹೊರದೇಶದ ಹಲವು ಸೇವೆಗಳೂ ತಡೆತಡೆದು ಬರುತ್ತವೆ. ಫಾಂಟ್, ಫೋಟೋಗಳನ್ನು ನಿಮ್ಮ ಸರ್ವರ್‌ನಲ್ಲೇ ಇಡಿ, ನಕ್ಷೆಯ ಜೊತೆ ವಿಳಾಸವನ್ನೂ ಬರೆಯಿರಿ. ಪುಟ ತೆರೆಯದವರಿಗೆ ಮೆಸೇಜಿನಲ್ಲಿ ಕಳಿಸಲು ಇಡೀ ಆಮಂತ್ರಣದ ಒಂದು ಚಿತ್ರಪ್ರತಿಯೂ ಸಿದ್ಧವಿರಲಿ.